ಅಪ್‌ಡೇಟ್ ಬರದ ಮಾತು

ನೋ ಮ್ಯಾನ್ಸ್ ಸ್ಕೈ ಗೇಮ್ 2016ರ ಆಗಸ್ಟ್‌ನಲ್ಲಿ ಬಿಡುಗಡೆಯಾದಾಗ ಅದಕ್ಕೆ ಸಿಕ್ಕಿದ್ದು ರಾಶಿ ರಾಶಿ ಬೈಗುಳ. ಲೆಕ್ಕವಿಲ್ಲದಷ್ಟು ಗ್ರಹಗಳು, ಎಲ್ಲಿಗೆ ಬೇಕಾದರೂ ಹಾರಿ, ಅದೃಷ್ಟವಿದ್ದರೆ ಇನ್ನೊಬ್ಬ ಆಟಗಾರನೂ ಎದುರಾಗಬಹುದು ಎಂದು ಆಸೆ ಹುಟ್ಟಿಸಿದ್ದರು. ಇಬ್ಬರು ಆಟಗಾರರು ಮಾತಾಡಿಕೊಂಡು ಒಂದೇ ಗ್ರಹದ ಒಂದೇ ಜಾಗದಲ್ಲಿ ಹೋಗಿ ನಿಂತರೆ ಒಬ್ಬರಿಗೊಬ್ಬರು ಕಾಣಲೇ ಇಲ್ಲ! ಹಲೋ ಗೇಮ್ಸ್ ಎಂಬ ಆ ಸಣ್ಣ ಬ್ರಿಟಿಷ್ ಕಂಪನಿ ತೆಪ್ಪಗೆ ಕೆಲಸಕ್ಕೆ ಕೂತಿತು. 2018ರ ಜುಲೈನಲ್ಲಿ 'ನೆಕ್ಸ್ಟ್' ಅಪ್‌ಡೇಟ್ ಬಂತು. ಜನ ಕಡೆಗೂ ಒಬ್ಬರನ್ನೊಬ್ಬರು ನೋಡಿದರು. ಆಮೇಲೂ ಒಂದರ ಹಿಂದೊಂದು ಅಪ್‌ಡೇಟ್, ಎಲ್ಲವೂ ಪುಕ್ಕಟೆ. ಅಂದು ಬೈದವರಲ್ಲೇ ಎಷ್ಟೋ ಜನ ಇಂದು ಹೊಗಳುತ್ತಾರೆ.

ಒಳ್ಳೆಯದೇ. ಆದರೆ ಇದರಿಂದ ನಮಗೊಂದು ಚಾಳಿ ಅಂಟಿದೆ. ಮೊದಲು ಹೇಳಿಬಿಡು, ಸರಿ ಮಾಡುವುದು ಆಮೇಲೆ. ನಮ್ಮ ಲ್ಯಾಬ್ ಪ್ರಾಜೆಕ್ಟ್‌ಗಳೂ ನಡೆಯುವುದು ಹೀಗೆಯೇ ಬಿಡಿ.

ಅಪ್‌ಡೇಟ್ ಬರದೇ ಹೋದರೆ? ಅದನ್ನು ನೋಡಬೇಕಾದರೆ 'ದಿ ಆಫೀಸ್' ಎಂಬ ಅಮೆರಿಕದ ಹಾಸ್ಯ ಸರಣಿಗೆ ಬರಬೇಕು. 2009ರ ಡಿಸೆಂಬರ್‌ನಲ್ಲಿ ಪ್ರಸಾರವಾದ 'ಸ್ಕಾಟ್ಸ್ ಟಾಟ್ಸ್' ಕಂತು ಅಭಿಮಾನಿಗಳನ್ನು ಇಂದಿಗೂ ಎರಡು ಪಾಳಯ ಮಾಡಿದೆ. ಸ್ಟೀವ್ ಕ್ಯಾರೆಲ್‌ನ ಮೈಕಲ್ ಸ್ಕಾಟ್ ಹತ್ತು ವರ್ಷದ ಹಿಂದೆ ಮೂರನೇ ಕ್ಲಾಸಿನ ಮಕ್ಕಳಿಗೆ ಮಾತು ಕೊಟ್ಟಿರುತ್ತಾನೆ: ಹೈಸ್ಕೂಲ್ ಮುಗಿಸಿ, ನಿಮ್ಮೆಲ್ಲರ ಕಾಲೇಜು ಫೀಸು ನನ್ನದು. ಈಗ ಮಕ್ಕಳು ಮುಗಿಸುವ ಹಂತಕ್ಕೆ ಬಂದಿದ್ದಾರೆ. ಅವನ ಬಳಿ ದುಡ್ಡಿಲ್ಲ. ಅವರು ಹಾಡಿ ಕುಣಿದು ಧನ್ಯವಾದ ಹೇಳುತ್ತಾರೆ, ಅವನು ಕೊನೆಗೆ ಬಾಯಿಬಿಟ್ಟು ಫೀಸಿನ ಬದಲು ಲ್ಯಾಪ್‌ಟಾಪ್ ಬ್ಯಾಟರಿ ಹಂಚುತ್ತಾನೆ. ಲ್ಯಾಪ್‌ಟಾಪ್ ಅಲ್ಲ, ಬರೀ ಬ್ಯಾಟರಿ.

ಇಡೀ ಸರಣಿಯನ್ನು ಮತ್ತೆ ಮತ್ತೆ ನೋಡುವವರೂ ಇದೊಂದನ್ನು ಹಾರಿಸಿಬಿಡುತ್ತಾರೆ. ಮುಜುಗರಕ್ಕೆ ಮೈ ಹಿಂಡಿದಂತಾಗುತ್ತದೆ, ಇದು ಹಾಸ್ಯವೇ ಅಲ್ಲ ಎನ್ನುತ್ತಾರೆ. ಇನ್ನೊಂದು ಪಾಳಯಕ್ಕೆ ಇದೇ ಅತ್ಯುತ್ತಮ ಕಂತು. ನಾನು ಈ ಎರಡನೆಯವರ ಕಡೆ. ಏಕೆಂದರೆ ಇಲ್ಲಿ ಆ ಮಕ್ಕಳು ಒಂದು ಸಲವೂ ನಗೆಪಾಟಲಾಗುವುದಿಲ್ಲ. ನಗು ಪೂರ್ತಿಯಾಗಿ ಮಾತು ಕೊಟ್ಟವನ ಮೇಲೆ. ಹಾಗಂತ ಹಾರಿಸುವವರನ್ನು ಹೇಡಿಗಳು ಎನ್ನಲಾರೆ. ನನ್ನ ರೂಮ್‌ಮೇಟ್‌ನ ಫೀಸು ಕಟ್ಟುತ್ತೇನೆಂದಿದ್ದ ಸಂಬಂಧಿಕರೊಬ್ಬರು ಮೊದಲ ಸೆಮಿಸ್ಟರ್‌ಗೇ ಫೋನ್ ಎತ್ತುವುದು ಬಿಟ್ಟರು. ಅವನಿಗೆ ಈ ಕಂತು ಯಾಕೆ ಬೇಕು ಹೇಳಿ?

ನನ್ನ ತಕರಾರು ಮೂರನೆಯ ಗುಂಪಿನ ಜೊತೆ. ಕಂತಿನ ಕೊನೆಯಲ್ಲಿ ಎರಿನ್ ಮೈಕಲ್‌ಗೆ ಸಮಾಧಾನ ಹೇಳುತ್ತಾಳೆ: ಆ ಮಕ್ಕಳಲ್ಲಿ ಶೇ 90ರಷ್ಟು ಜನ ಹೈಸ್ಕೂಲ್ ಮುಗಿಸುವ ಹಾದಿಯಲ್ಲಿದ್ದಾರೆ, ಶಾಲೆಯ ಉಳಿದವರಿಗಿಂತ ಶೇ 35ರಷ್ಟು ಹೆಚ್ಚು. ನೋಡಿ, ಸುಳ್ಳೇ ಆದರೂ ಒಳ್ಳೆಯದಾಯಿತಲ್ಲ ಎಂಬುದು ಈ ಗುಂಪಿನ ವಾದ. ಲೆಕ್ಕ ಕೇಳಲು ಚೆಂದ. ಆದರೆ ಓದಿದ್ದು ಮಕ್ಕಳು. ಅದಕ್ಕಿಂತ ಮುಖ್ಯವಾಗಿ, ಫೀಸು ಕಟ್ಟುವವರು ಇದ್ದಾರೆಂದು ನಂಬಿದ ಮನೆ ಆ ಹತ್ತು ವರ್ಷ ಯಾಕೆ ದುಡ್ಡು ಕೂಡಿಡುತ್ತದೆ? ಯಾಕೆ ವಿದ್ಯಾರ್ಥಿವೇತನಕ್ಕೆ ಅಲೆಯುತ್ತದೆ? ಆಪ್ಷನ್ ಎಂಟ್ರಿಯ ದಿನ ಮುಗಿದ ಮೇಲೆ ಸೀಟು ಇಲ್ಲವೆಂದರೆ ಸಿಇಟಿ ಬರೆದವರಿಗೆ ಹೇಗಿರುತ್ತದೋ, ಇದೂ ಹಾಗೆಯೇ. ಗೇಮ್ ಎರಡು ವರ್ಷ ತಡವಾಗಿ ಸರಿಹೋದರೆ ಆಟಗಾರ ಆಗ ಮತ್ತೆ ಆಡಬಹುದು. ಹದಿನೆಂಟರ ಹುಡುಗಿಯ ಅಡ್ಮಿಷನ್ ಹಾಗೆ ಕಾಯುವುದಿಲ್ಲ.

ನಮ್ಮ ಹಾಸ್ಟೆಲ್‌ನಲ್ಲಿದ್ದ ಸೀನಿಯರ್ ಒಬ್ಬರಿಗೆ ಕ್ಯಾಂಪಸ್‌ನಲ್ಲೇ ಆಫರ್ ಸಿಕ್ಕಿತ್ತು. ಒಬ್ಬರಿಗೆ ಒಂದೇ ಆಫರ್ ಎಂಬ ನಿಯಮದಿಂದಾಗಿ ಅವರು ಬೇರೆ ಕಂಪನಿಗಳ ಸಂದರ್ಶನಕ್ಕೆ ಕೂರುವಂತಿರಲಿಲ್ಲ. ಸೇರುವ ದಿನಾಂಕ ಈಗಾಗಲೇ ಎರಡು ಸಲ ಮುಂದಕ್ಕೆ ಹೋಗಿದೆ. 'ಶೀಘ್ರದಲ್ಲೇ ತಿಳಿಸುತ್ತೇವೆ' ಎಂಬ ಮೇಲ್ ಮಾತ್ರ ತಪ್ಪದೆ ಬರುತ್ತದೆ. ಅಣ್ಣ ಊರಿಗೆ ಹೋಗಿಲ್ಲ, ಪೇಯಿಂಗ್ ಗೆಸ್ಟ್ ರೂಮಿನಲ್ಲೇ ಇದ್ದಾರೆ. ಊರಲ್ಲಿ ಅವರು ಕೆಲಸಕ್ಕೆ ಸೇರಿದ್ದಾರೆಂದೇ ಎಲ್ಲರೂ ತಿಳಿದಿದ್ದಾರೆ.