ತೆರೆಯ ಮರೆಯ ಕತ್ತರಿ

ಲಾರೆನ್ಸನು ಉರಿಯುವ ಬೆಂಕಿಕಡ್ಡಿಯನ್ನು ಊದಿ ಆರಿಸುತ್ತಾನೆ. ಮರುಕ್ಷಣವೇ ತೆರೆಯ ತುಂಬ ಮರುಭೂಮಿಯ ಅರುಣೋದಯ! 1962ರ ‘ಲಾರೆನ್ಸ್ ಆಫ್ ಅರೇಬಿಯ’ ಚಿತ್ರವನ್ನು ಕಂಡವರು ಈ ಸಂಧಿಯನ್ನು ಮರೆಯಲಾರರು. ಅದನ್ನು ಜೋಡಿಸಿದ ಕೈ ಆನ್ ಕೋಟ್ಸ್ ಎಂಬಾಕೆಯದೆಂದು ಬಲ್ಲವರು ಮಾತ್ರ ವಿರಳ.

1925ರಲ್ಲಿ ಇಂಗ್ಲೆಂಡಿನಲ್ಲಿ ಜನಿಸಿದ ಈಕೆ ಮೊದಲು ಆಸ್ಪತ್ರೆಯ ದಾದಿ. ನಿರ್ದೇಶಕಿಯಾಗಬೇಕೆಂಬುದು ಮನದಾಸೆ. ಚಿತ್ರೋದ್ಯಮದ ದೊರೆ ಆರ್ಥರ್ ರ‍್ಯಾಂಕ್ ಸೋದರಮಾವನೇ ಆಗಿದ್ದರೂ, ಸೊಸೆಯ ಉತ್ಸಾಹ ತಣಿಯಲೆಂದು ಆಕೆಯನ್ನು ತನ್ನ ಧಾರ್ಮಿಕ ಚಿತ್ರಗಳ ವಿಭಾಗಕ್ಕೆ ಕಳುಹಿದನು. ಹರಿದ ಸುರುಳಿಗಳಿಗೆ ತೇಪೆ ಹಾಕುವುದು ಅಲ್ಲಿನ ಕೆಲಸ. ಉತ್ಸಾಹ ತಣಿಯಲಿಲ್ಲ, ಕೈ ಪಳಗಿತು!

ಆ ಸಂಧಿಯೋ, ಅರ್ಧ ಆಕಸ್ಮಿಕ. ಒಂದು ದೃಶ್ಯವು ಕರಗಿ ಇನ್ನೊಂದರಲ್ಲಿ ಬೆರೆಯಬೇಕೆಂದು ಮೂಲದಲ್ಲಿ ಬರೆದಿತ್ತು. ಅಂತಹ ಬೆರಕೆಯನ್ನು ಪ್ರಯೋಗಾಲಯದಲ್ಲಿ ಬಳಿಕ ಮಾಡಬೇಕಾಗಿದ್ದುದರಿಂದ, ಕೆಲಸದ ಪ್ರತಿಯಲ್ಲಿ ಎರಡು ತುಂಡುಗಳನ್ನು ನೇರವಾಗಿ ಅಂಟಿಸಲಾಗಿತ್ತು. ನೋಡಿದರೆ ಅದೇ ಸೊಗಸು! ತಾನೂ ಹಿಂದೆ ಸಂಕಲನಕಾರನೇ ಆಗಿದ್ದ ನಿರ್ದೇಶಕ ಡೇವಿಡ್ ಲೀನ್, ಇನ್ನೂ ಕೊಂಚ ತಿದ್ದುವಂತೆ ಹೇಳಿದನು. ಆಕೆ ಕತ್ತರಿಸಿದ್ದು ಒಂದೆರಡು ಚೌಕಟ್ಟು ಮಾತ್ರ. ಸೆಕೆಂಡಿಗೆ 24 ಚೌಕಟ್ಟುಗಳೆಂಬುದನ್ನು ನೆನೆದರೆ ಆ ಕಣ್ಣಿನ ಸೂಕ್ಷ್ಮತೆ ತಿಳಿದೀತು. ಬೆರಕೆ ಮಾಡಿಯೇ ಬಿಟ್ಟಿದ್ದರೆ? ಪ್ರೇಕ್ಷಕನಿಗೆ ತಾನು ಕಳೆದುಕೊಂಡದ್ದೇನೆಂಬುದೇ ತಿಳಿಯುತ್ತಿರಲಿಲ್ಲ.

1963ರಲ್ಲಿ ಆಸ್ಕರ್ ಬಂತು. ನಿರ್ದೇಶನದ ಕುರ್ಚಿ ಬರಲಿಲ್ಲ. ಫಿಲ್ಮಿನ ಸುರುಳಿ ಹೋಗಿ ಗಣಕಯಂತ್ರ ಬಂದಾಗ ಅದನ್ನೂ ಕಲಿತಳು. 2016ರಲ್ಲಿ ಅಕಾಡೆಮಿ ಗೌರವ ಪ್ರಶಸ್ತಿಯನ್ನಿತ್ತಿತು. 2018ರಲ್ಲಿ ಆಕೆ ತೀರಿಕೊಂಡಳು. ಕೊನೆಯ ಚಿತ್ರ ತೆರೆಗೆ ಬಂದ 2015ರಲ್ಲಿ ಆಕೆಗೆ ಎಂಬತ್ತೊಂಬತ್ತು ವರ್ಷ.