ಹಕ್ಕು ಬಿಡುಗಡೆ ಪತ್ರದಲ್ಲಿ ಹೆಬ್ಬೆಟ್ಟು ಯಾರದು?



ಸಾಹುಕಾರ ಬರೆಸಿಕೊಳ್ಳುತ್ತಿದ್ದ ಸಾಲದ ಪತ್ರ ನೆನಪಿದೆಯೇ? "ನನ್ನ ಸಂಸಾರದ ಅಡಚಣೆಗಾಗಿ, ಯಾರ ಬಲವಂತವೂ ಇಲ್ಲದೆ, ಸ್ವಸಂತೋಷದಿಂದ ಬರೆಸಿಕೊಟ್ಟ ಪತ್ರ" ಅಂತಲೇ ಅದರ ಒಕ್ಕಣೆ. ಬಿತ್ತನೆಗೆ ಬೀಜವಿಲ್ಲದೆ, ಮನೆಯಲ್ಲಿ ಕಾಳಿಲ್ಲದೆ ಸಾಹುಕಾರನ ಜಗಲಿ ಹತ್ತಿದವನಿಗೆ ಎಂಥ ಸಂತೋಷ? ಆದರೆ ಕಾನೂನು ಅದನ್ನು ನಂಬುತ್ತಿತ್ತು. 1872ರ ಕರಾರು ಕಾಯಿದೆಯ ಕಣ್ಣಿಗೆ ಸಹಿ ಹಾಕಿದ ಇಬ್ಬರೂ ಸಮಾನರು. ಒಬ್ಬನ ಕೈಯಲ್ಲಿ ತಿಜೋರಿಯ ಬೀಗದಕೈ, ಇನ್ನೊಬ್ಬನ ಕೈಯಲ್ಲಿ ಖಾಲಿ ಚೀಲ. ಆದರೂ ಸಮಾನರು!

ಈ ಸಮಾನತೆ ಸುಳ್ಳು ಅಂತ ಹೇಳಿದವರು ನಾವು. ಹೆಬ್ಬೆಟ್ಟು ಒತ್ತಿದವನ ಹಿಂದೆ ಹಸಿವು ನಿಂತಿತ್ತು, ಅದನ್ನು ಲೆಕ್ಕಕ್ಕೆ ತಗೊಳ್ಳಿ ಅಂತ ಕೇಳಿದ್ದೂ ನಾವೇ. ಕೊನೆಗೆ ಸರ್ಕಾರವೂ ಒಪ್ಪಿತು. ಸಣ್ಣ ರೈತರು, ಭೂಹೀನ ಕೂಲಿಗಳು ಖಾಸಗಿಯವರಿಗೆ ಬರೆದುಕೊಟ್ಟ ಸಾಲಪತ್ರಗಳನ್ನು 1976ರ ಕರ್ನಾಟಕ ಋಣ ಪರಿಹಾರ ಕಾಯಿದೆ ಬದಿಗೆ ಸರಿಸಿತು. ಸಹಿ ಇದ್ದ ಮಾತ್ರಕ್ಕೆ ಒಪ್ಪಿಗೆ ಇತ್ತು ಎನ್ನಲಾಗದು ಎಂಬುದೇ ಆ ಕಾಯಿದೆಯ ಒಳತಿರುಳು.

ಈಗ ಇನ್ನೊಂದು ಪತ್ರ ತೆಗೆದು ನೋಡಿ. ಅದು ನಿಮ್ಮ ಮನೆಯ ಟ್ರಂಕಿನಲ್ಲೇ ಇರಬಹುದು. ಹಕ್ಕು ಬಿಡುಗಡೆ ಪತ್ರ. ಅಕ್ಕನೋ ತಂಗಿಯೋ ಸಬ್ ರಿಜಿಸ್ಟ್ರಾರ್ ಕಚೇರಿಗೆ ಬಂದು ಬರೆದುಕೊಟ್ಟದ್ದು. ಅದರಲ್ಲೂ ಅದೇ ಒಕ್ಕಣೆ: "ಯಾರ ಒತ್ತಾಯವೂ ಇಲ್ಲದೆ, ಸ್ವ ಇಚ್ಛೆಯಿಂದ." ಅವಳ ಹಿಂದೆ ಏನು ನಿಂತಿತ್ತು? ಪಾಲು ಕೇಳಿದರೆ ಗೌರಿ ಹಬ್ಬಕ್ಕೆ ಬಾಗಿನ ಬರೋದಿಲ್ಲ, ಬಾಣಂತನಕ್ಕೆ ತವರಿನ ಬಾಗಿಲು ತೆರೆಯೋದಿಲ್ಲ, ನಾಳೆ ಗಂಡ ಹೊಡೆದು ಹೊರಗೆ ಹಾಕಿದರೆ ಹೋಗಿ ನಿಲ್ಲಲು ಜಾಗವಿಲ್ಲ ಎಂಬ ಭಯ. ಇದನ್ನು ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ. ಸಾಹುಕಾರ ಕೂಡ ಬೆದರಿಸುತ್ತಿರಲಿಲ್ಲ, ಸುಮ್ಮನೆ ಎಲೆ ಅಡಿಕೆ ಮೆಲ್ಲುತ್ತಾ ಕೂತಿರುತ್ತಿದ್ದ.

ಕಾನೂನನ್ನು ಹೆಣ್ಣಿನ ಕಡೆಯಿಂದ ಓದುವ ಒಂದು ವಿಚಾರಧಾರೆ ಇದೆ. ಸ್ತ್ರೀವಾದಿ ನ್ಯಾಯಚಿಂತನೆ ಅಂತಾರೆ. ಹೆಸರು ಕೇಳಿ ಇದು ಪಟ್ಟಣದ ಓದಿದ ಹೆಂಗಸರ ಮಾತು ಅಂತ ಪುಟ ತಿರುವಬೇಡಿ. ಅದು ಕೇಳುವ ಪ್ರಶ್ನೆ ಬಹಳ ಸರಳ: ಈ ಕಾಯಿದೆ ಬರೆದವನ ಮನಸ್ಸಿನಲ್ಲಿ ಯಾರ ಚಿತ್ರ ಇತ್ತು? ಯಾರು ಬಿಟ್ಟುಹೋದರು? ಅಮೆರಿಕದ ಕಾನೂನು ಪ್ರಾಧ್ಯಾಪಕಿ ಕ್ಯಾಥರಿನ್ ಬಾರ್ಟ್‌ಲೆಟ್ 1990ರಲ್ಲಿ ಬರೆದ ಲೇಖನದಲ್ಲಿ ಇದನ್ನೇ "ಹೆಣ್ಣಿನ ಪ್ರಶ್ನೆ" ಅಂದರು. ಕಾಯಿದೆಯಲ್ಲಿ ಹೆಣ್ಣು ಎಂಬ ಪದ ಎಲ್ಲೂ ಇಲ್ಲದಿದ್ದರೂ ಅದರ ಪೆಟ್ಟು ಹೆಣ್ಣಿಗೇ ಬೀಳಬಹುದು ಎಂಬುದು ಇವರ ವಾದ. ಬೆಲೆ ಆಯೋಗದ ವರದಿಯಲ್ಲಿ ರೈತನಿಗೆ ಕೇಡು ಬಯಸಿದ ಒಂದು ಸಾಲೂ ಇಲ್ಲದೆ ರೈತ ಮುಳುಗುತ್ತಾನಲ್ಲ, ಹಾಗೆಯೇ.

ಜಮೀನಿನ ಕಾನೂನನ್ನೇ ತಗೊಳ್ಳಿ. ನಮ್ಮ ಹಳೇ ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಕಾನೂನು ಸ್ತ್ರೀಯರ ಹಕ್ಕುಗಳ ಕಾಯಿದೆ ತಂದು, ವಿಭಾಗವಾಗುವಾಗ ತಾಯಿಗೆ, ವಿಧವೆಗೆ, ಮದುವೆಯಾಗದ ಮಗಳಿಗೆ ಒಂದಂಶ ಕೊಟ್ಟಿತ್ತು. ಮಂಗಳೂರಿನಲ್ಲಿ ಹುಟ್ಟಿದ ಬಿ. ಎನ್. ರಾವ್ ಅವರ ಅಧ್ಯಕ್ಷತೆಯ ಸಮಿತಿ ಒಂದು ಹೆಜ್ಜೆ ಮುಂದೆ ಹೋಗಿ, ಗಂಡು ಹುಟ್ಟಿದ ಕೂಡಲೇ ಪಿತ್ರಾರ್ಜಿತದಲ್ಲಿ ಪಾಲುದಾರನಾಗುವ ಪದ್ಧತಿಯೇ ಬೇಡ ಎಂದಿತು. ಆ ದಾರಿಯಲ್ಲೇ ಹಿಂದೂ ಸಂಹಿತೆ ಮಸೂದೆಯನ್ನು ಮುಂದಿಟ್ಟ ಅಂಬೇಡ್ಕರ್, ಅದು ಮೂಲೆಗೆ ಬಿದ್ದದ್ದನ್ನು ನೋಡಿ 1951ರಲ್ಲಿ ಮಂತ್ರಿ ಪದವಿ ಬಿಟ್ಟು ಹೊರಬಂದರು. ಆಮೇಲೆ 1956ರಲ್ಲಿ ಬಂತಲ್ಲ ಹಿಂದೂ ಉತ್ತರಾಧಿಕಾರ ಕಾಯಿದೆ, ಅದು ಮಗಳಿಗೆ ಮಗನಷ್ಟೇ ಹಕ್ಕು ಅಂತ ಡಂಗುರ ಹೊಡೆಯಿತು. ಆದರೆ ಗುಂಟೆ ಲೆಕ್ಕ ಹಾಕಿ ನೋಡಿ.

ಹನ್ನೆರಡು ಎಕರೆ ಪಿತ್ರಾರ್ಜಿತ. ತಂದೆ, ಇಬ್ಬರು ಗಂಡುಮಕ್ಕಳು, ಒಬ್ಬ ಮಗಳು. ತಾಯಿ ಮೊದಲೇ ತೀರಿಕೊಂಡಿದ್ದಾಳೆ ಅನ್ನಿ. ತಂದೆ ಸತ್ತ. ಸಾಯುವ ಮುಂಚೆ ವಿಭಾಗ ಆಗಿತ್ತು ಅಂತ ಕಾಯಿದೆ ಊಹಿಸಿಕೊಳ್ಳುತ್ತದೆ: ತಂದೆಗೆ 4, ಗಂಡುಮಕ್ಕಳಿಗೆ ತಲಾ 4 ಎಕರೆ. ಮಗಳಿಗೆ ಸಮಪಾಲು ಸಿಗುವುದು ತಂದೆಯ ಆ 4 ಎಕರೆಯಲ್ಲಿ ಮಾತ್ರ. ಮೂವರಿಗೂ ತಲಾ 1 ಎಕರೆ 13 ಗುಂಟೆ ಚಿಲ್ಲರೆ. ಕೊನೆಗೆ ಅಣ್ಣನಿಗೆ 5 ಎಕರೆ 13 ಗುಂಟೆ, ತಂಗಿಗೆ 1 ಎಕರೆ 13 ಗುಂಟೆ. ಇದರ ಹೆಸರು ಸಮಪಾಲು! ಮಂಡಿಯಲ್ಲಿ ದಲ್ಲಾಳಿ ಇಂಥ ತೂಕ ಹಾಕಿದ್ದರೆ ತಕ್ಕಡಿ ಕಿತ್ತು ಎಸೆಯುತ್ತಿದ್ದಿರಿ.

ಅಷ್ಟಕ್ಕೇ ನಿಲ್ಲಲಿಲ್ಲ. ವಾಸದ ಮನೆಯಲ್ಲಿ ಗಂಡುಮಕ್ಕಳು ತಾವಾಗಿ ಪಾಲು ಮಾಡಿಕೊಳ್ಳುವ ತನಕ ಮಗಳು ಪಾಲು ಕೇಳುವಂತಿಲ್ಲ ಅಂತ 23ನೇ ಕಲಂ. ಗೇಣಿ ಹಕ್ಕು, ಭೂಮಿತಿ, ತುಂಡು ಹಿಡುವಳಿಯ ಕಾಯಿದೆಗಳಿಗೆ ಈ ಕಾಯಿದೆ ಅಡ್ಡ ಬರೋದಿಲ್ಲ ಅಂತ 4(2)ನೇ ಕಲಂ. ಮುಸ್ಲಿಂ ಹೆಣ್ಣುಮಕ್ಕಳ ಪಾಲಿನ 1937ರ ಶರಿಯತ್ ಕಾಯಿದೆಯೂ ಕೃಷಿ ಜಮೀನನ್ನು ಹೊರಗಿಟ್ಟೇ ಬಂತು. ಚಿನ್ನ, ಬೆಳ್ಳಿ, ಪಾತ್ರೆಯಲ್ಲಿ ಹಕ್ಕು ಕೊಡೋಣ, ಹೊಲ ಮಾತ್ರ ಬೇಡ ಎಂಬುದರಲ್ಲಿ ಎಲ್ಲ ಧರ್ಮದ ಯಜಮಾನರೂ ಒಂದೇ.

ದಕ್ಷಿಣದ ರಾಜ್ಯಗಳು ಒಂದೊಂದಾಗಿ ತಿದ್ದುಪಡಿ ತಂದವು. ಕರ್ನಾಟಕದಲ್ಲಿ 30-7-1994ರಿಂದ ಮಗಳೂ ಹುಟ್ಟಿನಿಂದಲೇ ಪಾಲುದಾರಳಾದಳು. ಆದರೆ ಆ ದಿನಕ್ಕೆ ಮುಂಚೆ ಮದುವೆಯಾದವಳಿಗೆ ಇಲ್ಲ. ಜುಲೈನಲ್ಲಿ ಮದುವೆಯಾದ ಅಕ್ಕನಿಗೆ ಹಕ್ಕಿಲ್ಲ, ಆಗಸ್ಟಿನಲ್ಲಿ ಮದುವೆಯಾದ ತಂಗಿಗೆ ಉಂಟು. ಮಗನ ಹಕ್ಕಿಗೆ ಯಾರಾದರೂ ಲಗ್ನಪತ್ರಿಕೆ ಕೇಳಿದ್ದುಂಟೇ? 9-9-2005ರಂದು ಜಾರಿಗೆ ಬಂದ ಕೇಂದ್ರದ ತಿದ್ದುಪಡಿ ಈ ಭೇದವನ್ನು ಅಳಿಸಿತು, ಮೇಲೆ ಹೇಳಿದ ಎರಡು ಕಲಮುಗಳನ್ನೂ ಕಿತ್ತುಹಾಕಿತು. ಈಗ ಅದೇ ಹನ್ನೆರಡು ಎಕರೆಯಲ್ಲಿ ಮೂವರಿಗೂ ತಲಾ 4.

ಆದರೂ ತಕರಾರು ಮುಗಿಯಲಿಲ್ಲ. 2005ರ ಆ ದಿನ ತಂದೆ ಬದುಕಿರಬೇಕು ಅಂತ ಸುಪ್ರೀಂ ಕೋರ್ಟು 2015ರಲ್ಲಿ ಹೇಳಿತು. ಅದು ಕರ್ನಾಟಕದಿಂದ ಹೋದ ಮೊಕದ್ದಮೆ. ಕರ್ನಾಟಕದ್ದೇ ಇನ್ನೊಂದು ಮೊಕದ್ದಮೆಯಲ್ಲಿ ತಂದೆ 2001ರಲ್ಲೇ ತೀರಿಕೊಂಡಿದ್ದ. ಮೊಮ್ಮಗ 2002ರಲ್ಲಿ ವಿಭಾಗ ದಾವೆ ಹಾಕಿದ. ನೀವು 1956ಕ್ಕೆ ಮುಂಚೆ ಹುಟ್ಟಿದವರು, ನಿಮಗೆ ಪಾಲಿಲ್ಲ ಅಂತ ಕೆಳಗಿನ ಕೋರ್ಟು 2007ರಲ್ಲಿ ಇಬ್ಬರು ಹೆಣ್ಣುಮಕ್ಕಳನ್ನು ಹೊರಗಿಟ್ಟಿತು. ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. 2018ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು ಇಬ್ಬರಿಗೂ ಐದರಲ್ಲಿ ಒಂದೊಂದು ಪಾಲು ಕೊಟ್ಟಿತು. ಹದಿನಾರು ವರ್ಷ! ಗೆದ್ದ ಪಾಲಿನಲ್ಲಿ ವಕೀಲರ ಫೀಜು, ಬಸ್ ಚಾರ್ಜು ಕಳೆದರೆ ಉಳಿಯುವುದೆಷ್ಟು ಅಂತ ಕೋರ್ಟು ಹತ್ತಿದ ಯಾವ ರೈತನನ್ನಾದರೂ ಕೇಳಿ. ಈ ಗೊಂದಲವನ್ನು ಮೂವರು ನ್ಯಾಯಮೂರ್ತಿಗಳ ಪೀಠ 11-8-2020ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಬಗೆಹರಿಸಿತು. ಹಕ್ಕು ಹುಟ್ಟಿನಿಂದ ಬಂದದ್ದು, ತಂದೆ ಅಂದು ಬದುಕಿರಬೇಕಾಗಿಲ್ಲ. 20-12-2004ಕ್ಕೆ ಮುಂಚೆ ನೋಂದಣಿಯಾದ ವಿಭಾಗಕ್ಕಾಗಲಿ ಕೋರ್ಟಿನ ಡಿಕ್ರಿಗಾಗಲಿ ಧಕ್ಕೆಯಿಲ್ಲ. ಆದರೆ "ಊರ ಹಿರಿಯರ ಮುಂದೆ ಬಾಯಿಮಾತಿನಲ್ಲಿ ಪಾಲಾಗಿತ್ತು" ಎಂಬ ವಾದ ಸುಲಭವಾಗಿ ನಡೆಯುವುದಿಲ್ಲ. ಸರ್ಕಾರಿ ದಾಖಲೆಯ ಬೆಂಬಲ ಬೇಕು.

ಈಗ ನಿಮ್ಮ ಮಾತಿಗೆ ಬರೋಣ. ಜಮೀನು ತುಂಡಾಗುತ್ತದೆ ಅಂತೀರಿ. ನಾಲ್ಕು ಗಂಡುಮಕ್ಕಳು ಹುಟ್ಟಿದಾಗ ಹೋಳಿಗೆ ಹಂಚಿದ ಮನೆಯವರು ತುಂಡಾಗುವ ಚಿಂತೆ ಮಾಡಿರಲಿಲ್ಲ. ಮಗಳು ಕೇಳಿದಾಗಲೇ ತುಂಡಿನ ನೆನಪು ಬರುತ್ತದೆ. ಅಣ್ಣ ಬೆಂಗಳೂರಿನಲ್ಲಿ ನೌಕರಿಯಲ್ಲಿದ್ದು ತಮ್ಮ ಊರಲ್ಲಿ ಉಳುಮೆ ಮಾಡುವ ಜಂಟಿ ಖಾತೆಗಳು ಬೇಕಾದಷ್ಟಿವೆಯಲ್ಲ? ಅಣ್ಣನ ಹೆಸರು ಪಹಣಿಯಲ್ಲಿ ಇರಬಹುದಾದರೆ ಅಕ್ಕನ ಹೆಸರು ಇರಬಾರದೇ? ಅಳಿಯ ಬಂದು ಪರರಿಗೆ ಮಾರಿಬಿಡ್ತಾನೆ ಅಂತೀರಿ. ತಂದೆಯ ಪಾಲಿನಿಂದ ವಾರಸಾಗಿ ಬಂದ ಆಸ್ತಿಯನ್ನು ಒಬ್ಬ ವಾರಸುದಾರ ಮಾರಲು ಹೊರಟರೆ, ಉಳಿದ ವಾರಸುದಾರರಿಗೆ ಕೊಳ್ಳುವ ಮೊದಲ ಹಕ್ಕನ್ನು ಅದೇ ಕಾಯಿದೆಯ 22ನೇ ಕಲಂ ಕೊಟ್ಟಿದೆ. ಅದು ಕೃಷಿ ಜಮೀನಿಗೂ ಅನ್ವಯ ಅಂತ ಸುಪ್ರೀಂ ಕೋರ್ಟು 2019ರಲ್ಲಿ ಹೇಳಿದೆ. ಮದುವೆಗೆ ಸಾಲ ಮಾಡಿ ಕೊಟ್ಟಾಯ್ತಲ್ಲ ಅಂತೀರಿ. ಆ ಸಾಲದ ಬಡ್ಡಿ ನಿಮ್ಮ ಕುತ್ತಿಗೆಗೆ ಬಂದದ್ದು ನಿಜ. ಆದರೆ ಆ ಹಣ ಹೋದದ್ದು ಬೀಗರ ಮನೆಗೆ, ಅವಳ ಹೆಸರಿನ ಪಾಸ್‌ಬುಕ್ಕಿಗಲ್ಲ. ಜಮೀನಿನ ಪಾಲೇ ಅವಳದಾಗಿದ್ದರೆ ಬೀಗರ ಮುಂದೆ ಕೈಕಟ್ಟಿ ನಿಲ್ಲುವ ಸಂಕಟ ನಿಮಗೂ ಕಮ್ಮಿಯಾಗುತ್ತಿತ್ತು.

ಇದರಲ್ಲೊಂದು ಕಹಿ ಸತ್ಯವಿದೆ. ಬೆಳೆಗೆ ನ್ಯಾಯವಾದ ಬೆಲೆಯಿದ್ದಿದ್ದರೆ ಒಂದು ಗುಂಟೆಗಾಗಿ ಒಡಹುಟ್ಟಿದವರು ಕೋರ್ಟು ಹತ್ತುವ ಹಣೆಬರಹ ಬರುತ್ತಿರಲಿಲ್ಲ. ಹೌದು. ಆದರೆ ಬೆಲೆಯ ಹೋರಾಟದ ಒಳಗೇ ಈ ಪ್ರಶ್ನೆ ಅಡಗಿದೆ. ಬೆಂಬಲ ಬೆಲೆ ನಿಗದಿಯಲ್ಲಿ ಕೈಯಿಂದ ಹಾಕಿದ ಖರ್ಚಿನ ಜೊತೆ ಮನೆಮಂದಿಯ ದುಡಿಮೆಯನ್ನೂ ಸೇರಿಸುತ್ತಾರೆ. ಆ ದುಡಿಮೆಗೆ ಕೂಲಿ ಕಟ್ಟಬೇಕು ಅಂತ ನಾವು ಗಂಟಲು ಹರಿಯುವಂತೆ ಕೂಗಿದ್ದೇವೆ. ಮನೆಮಂದಿ ಅಂದರೆ ಯಾರು? ನಾಟಿ ಹಾಕಿದವಳು, ಕಳೆ ಕಿತ್ತವಳು, ಶೇಂಗಾ ಬಿಡಿಸಿದವಳು. ಅವಳ ಕೂಲಿ ಲೆಕ್ಕಕ್ಕೆ ಬಂತು, ಆದರೆ ಆ ಲೆಕ್ಕದ ಹಣ ಸಂದಾಯವಾಗುವುದು ಪಹಣಿಯಲ್ಲಿ ಹೆಸರಿದ್ದವನ ಖಾತೆಗೆ. 2015-16ರ ಕೃಷಿ ಗಣತಿಯ ಪ್ರಕಾರ ದೇಶದ ಹಿಡುವಳಿಗಳಲ್ಲಿ ಹೆಂಗಸರು ನಡೆಸುವವು ಶೇಕಡಾ 13.87 ಮಾತ್ರ. ಹಳ್ಳಿಯಲ್ಲಿ ದುಡಿಯುವ ಹೆಂಗಸರಲ್ಲಿ ನಾಲ್ವರಲ್ಲಿ ಮೂವರು ಹೊಲದಲ್ಲೇ ಇದ್ದಾರೆ. ಮಿಕ್ಕಂತೆ ಒಲೆ, ನೀರು, ಮುಸುರೆ. ಕೇಂದ್ರದ 2019ರ ಸಮಯ ಬಳಕೆ ಸಮೀಕ್ಷೆಯಲ್ಲಿ, ಕೂಲಿಯಿಲ್ಲದ ಮನೆಗೆಲಸ ಮಾಡುವ ಹೆಂಗಸರು ದಿನಕ್ಕೆ ಅದಕ್ಕೆ ಕೊಡುವುದು 299 ನಿಮಿಷ, ಗಂಡಸರು 97 ನಿಮಿಷ ಅಂತ ಬಂತು. 2021ರ ಜನವರಿಯಲ್ಲಿ ಅಪಘಾತ ಪರಿಹಾರದ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದೇ ಅಂಕಿಗಳನ್ನು ಹಿಡಿದು, ಗೃಹಿಣಿಯ ಕೆಲಸಕ್ಕೂ ಬೆಲೆ ಕಟ್ಟಲೇಬೇಕು ಎಂದಿತು. ಅವಳು ಸತ್ತ ಮೇಲೆ ಕಟ್ಟುವ ಬೆಲೆ ಇದು, ಆ ಮಾತು ಬೇರೆ.

ಪಹಣಿಯಲ್ಲಿ ಹೆಸರಿಲ್ಲ ಅಂದರೆ ಏನು ಅಂತ ಸಾಲಕ್ಕೆ ಸಿಕ್ಕಿ ಪ್ರಾಣ ಬಿಟ್ಟವರ ಮನೆಗೆ ಹೋದಾಗ ತಿಳಿಯುತ್ತದೆ. ಜಮೀನು ಮಾವನ ಹೆಸರಲ್ಲಿ, ಸಾಲ ಗಂಡನ ಹೆಗಲ ಮೇಲೆ. ಸತ್ತವನು ರೈತನೇ ಅಲ್ಲ ಅಂತ ಕಡತ ವಾಪಸು ಬರುತ್ತದೆ. ಅವಳಂತೂ ಕಡತದಲ್ಲಿ ಮೊದಲಿನಿಂದಲೂ ರೈತಳಲ್ಲ. ಪೌತಿ ಖಾತೆಗೆ ಅಲೆಯಬೇಕು, ಸೊಸೈಟಿಯಲ್ಲಿ ಸದಸ್ಯಳಲ್ಲ, ಬೆಳೆಸಾಲ ಸಿಗದು. ಸ್ವಾಮಿನಾಥನ್ ಆಯೋಗದ ವರದಿಗಳ ಬೆನ್ನಿಗೆ ಬಂದ 2007ರ ರಾಷ್ಟ್ರೀಯ ರೈತ ನೀತಿ, ಜಮೀನಿನ ಒಡೆತನ ಇರಲಿ ಬಿಡಲಿ, ಬೇಸಾಯದಲ್ಲಿ ದುಡಿಯುವವರೆಲ್ಲ ರೈತರೇ ಎಂದಿದೆ. ಸ್ವಾಮಿನಾಥನ್ ಅವರು 2012ರಲ್ಲಿ ರಾಜ್ಯಸಭೆಯಲ್ಲಿ ರೈತ ಮಹಿಳೆಯರ ಹಕ್ಕಿಗಾಗಿ ಖಾಸಗಿ ಮಸೂದೆಯನ್ನೇ ತಂದರು. ಅದು ಚರ್ಚೆಗೂ ಬಾರದೆ ಬಿದ್ದುಹೋಯಿತು. ಅವರ ವರದಿಯ ಬೆಲೆಯ ಸೂತ್ರ ನಮಗೆ ಬಾಯಿಪಾಠ. ಈ ಮಸೂದೆಯ ಹೆಸರು ನಮ್ಮ ಸಭೆಗಳಲ್ಲಿ ಎಷ್ಟು ಸಲ ಬಂದಿದೆ?

ಇನ್ನೊಂದು ವಿಷಯ, ಹೆಣ್ಣುಮಕ್ಕಳನ್ನು ಹೆತ್ತವರು ಕಿವಿಗೊಟ್ಟು ಕೇಳಬೇಕು. ಉತ್ತರದ ಕಡೆಯ ಒಬ್ಬಾಕೆಗೆ 1955ರಲ್ಲಿ ಮದುವೆ. ಮೂರು ತಿಂಗಳಲ್ಲಿ ಗಂಡ ಹಾವು ಕಚ್ಚಿ ಸತ್ತ. ಗಂಡನ ಮನೆಯವರು ಹೊರಗೆ ದಬ್ಬಿದರು. ತವರಿನವರು ಓದಿಸಿದರು, ನೌಕರಿ ಸಿಕ್ಕಿತು, ಜೀವಮಾನ ದುಡಿದು ಹಣ ಉಳಿಸಿದಳು. 1996ರಲ್ಲಿ ಉಯಿಲು ಬರೆಯದೆ ತೀರಿಕೊಂಡಳು. ಆ ಹಣ ಯಾರಿಗೆ? ಸಾಕಿದ ತವರಿಗಲ್ಲ, ಹೊರಗೆ ಹಾಕಿದ ಗಂಡನ ಮನೆಯವರಿಗೆ! 2009ರಲ್ಲಿ ಸುಪ್ರೀಂ ಕೋರ್ಟು ಹಾಗೆಯೇ ತೀರ್ಪು ಕೊಟ್ಟಿತು. ಮರುಕ ಬೇರೆ, ಕಾನೂನು ಬೇರೆ ಎಂದಿತು. ಆ ಕಾನೂನು ಎಂದರೆ 15ನೇ ಕಲಂ. ಗಂಡನೂ ಮಕ್ಕಳೂ ಇಲ್ಲದೆ ಹೆಂಗಸು ಸತ್ತರೆ ಮೊದಲ ಸರದಿ ಗಂಡನ ವಾರಸುದಾರರದು, ಆಮೇಲೆ ಹೆತ್ತ ತಾಯಿ ತಂದೆಯರದು. ತಂದೆ ತಾಯಿಯಿಂದ ವಾರಸಾಗಿ ಬಂದ ಆಸ್ತಿಯೊಂದೇ ಮಕ್ಕಳಿಲ್ಲದಿದ್ದರೆ ತಂದೆಯ ಕಡೆಗೆ ಮರಳುತ್ತದೆ. 2005ರ ತಿದ್ದುಪಡಿ ಈ ಕಲಮನ್ನು ಮುಟ್ಟಲೇ ಇಲ್ಲ.

ಆದ್ದರಿಂದ ಮಗಳ ಹೆಸರಿಗೆ ಏನನ್ನೇ ಮಾಡಿಕೊಟ್ಟರೂ, ಅವಳು ಸ್ವಂತ ದುಡಿಮೆಯಿಂದ ಏನನ್ನೇ ಕೊಂಡರೂ, ಒಂದು ಉಯಿಲು ಬರೆದಿಡಲು ಹೇಳಿ. ಅದಕ್ಕೆ ಛಾಪಾ ಕಾಗದ ಬೇಡ, ಬಿಳಿ ಹಾಳೆ ಸಾಕು. ಇಬ್ಬರು ಸಾಕ್ಷಿಗಳು ಅವಳ ಎದುರಿಗೇ ಸಹಿ ಹಾಕಿರಬೇಕು, ಉಯಿಲಿನಿಂದ ಲಾಭ ಪಡೆಯುವವರು ಸಾಕ್ಷಿಯಾಗದಿದ್ದರೆ ಒಳ್ಳೆಯದು. ನೋಂದಣಿ ಕಡ್ಡಾಯವಲ್ಲ, ಮಾಡಿಸಿದರೆ ಮುಂದೆ ತಕರಾರು ಕಮ್ಮಿ. ಯಾರಿಗೆ ಬರೆಯಬೇಕು ಎಂಬುದನ್ನು ಮಾತ್ರ ಅವಳಿಗೇ ಬಿಡಿ.