ಬಾನೆಟ್ ಎತ್ತಿ ನೋಡೋಣ ಬನ್ನಿ



ಆಯುಧಪೂಜೆಯ ದಿನ ನಮ್ಮವರ ಮನೆಗಳ ಮುಂದೆ ನಿಂತಿರುವ ಕಾರುಗಳನ್ನು ನೋಡಬೇಕು! ಬಾನೆಟ್ ಮೇಲೆ ಅರಿಶಿನ-ಕುಂಕುಮ, ವೈಪರಿಗೆ ಸಿಕ್ಕಿಸಿದ ಸೇವಂತಿಗೆ, ನಾಲ್ಕು ಚಕ್ರಕ್ಕೆ ನಾಲ್ಕು ನಿಂಬೆಹಣ್ಣು. ಪಕ್ಕದ ಮನೆಯ ಅಮೆರಿಕನ್ನರು ಕುತೂಹಲದಿಂದ ಕೇಳಿದರೆ, "ದುಡಿಯುವ ಯಂತ್ರಗಳಿಗೆ ಕೃತಜ್ಞತೆ ಹೇಳುವ ಹಬ್ಬ" ಅಂತ ಹೆಮ್ಮೆಯಿಂದ ವಿವರಿಸುತ್ತೇವೆ. ಒಳ್ಳೆಯದೇ. ಆದರೆ ಕುಂಕುಮ ಇಟ್ಟ ಆ ಬಾನೆಟ್ಟನ್ನು ವರ್ಷದ ಉಳಿದ 364 ದಿನಗಳಲ್ಲಿ ಎಷ್ಟು ಸಲ ಎತ್ತುತ್ತೇವೆ? ಗಾಜು ತೊಳೆಯುವ ನೀರು ತುಂಬಿಸಲು ಒಂದೆರಡು ಸಲ. ಅಷ್ಟೇ.

ಅದೂ ನಾವಿರುವುದು ಎಲ್ಲಿ? ಮಿಶಿಗನ್ನಿನಲ್ಲಿ! ಪ್ರಪಂಚಕ್ಕೇ ಕಾರಿನ ಹುಚ್ಚು ಹತ್ತಿಸಿದ ಡೆಟ್ರಾಯಿಟ್ ನಮ್ಮ ಪಕ್ಕದಲ್ಲೇ ಇದೆ. ನಮ್ಮವರಲ್ಲಿ ಅನೇಕರಿಗೆ ಅನ್ನ ಹಾಕುತ್ತಿರುವುದೂ ಕಾರು ಕಂಪನಿಗಳೇ. ಇಂಜಿನ್ನಿನ ಕಂಪ್ಯೂಟರಿಗೆ ಕೋಡ್ ಬರೆಯುವವರು, ಬ್ರೇಕಿನ ಸಾಫ್ಟ್‌ವೇರ್ ಪರೀಕ್ಷಿಸುವವರು... ಆದರೆ ಸ್ವಂತ ಕಾರಿನ ಕೂಲಂಟ್ ಡಬ್ಬಿ ಎಲ್ಲಿದೆ ಅಂತ ಕೇಳಿದರೆ ಮುಖ ಮುಖ ನೋಡಿಕೊಳ್ಳುತ್ತೇವೆ. ನಾನು ಹೇಳಹೊರಟಿರುವುದು ಇಷ್ಟೇ: ಕಾರನ್ನು ಯಾರಾದರೂ ರಿಪೇರಿ ಮಾಡಲಿ, ಏನು ಕೆಟ್ಟಿದೆ ಎಂದು ಕಂಡುಹಿಡಿಯುವ ಕೆಲಸವನ್ನು ಮಾತ್ರ ನಾವು ಪೂರ್ತಿಯಾಗಿ ಬೇರೆಯವರ ಕೈಗೆ ಕೊಡಬಾರದು. ಕೈಲಾದರೆ ರಿಪೇರಿಯನ್ನೂ ನಾವೇ ಮಾಡಬೇಕು. ಇದಕ್ಕೆ ವಾಟರ್ ಪಂಪಿಗಿಂತ ಒಳ್ಳೆಯ ಉದಾಹರಣೆ ನನಗೆ ತೋಚುತ್ತಿಲ್ಲ.

ಒಂದು ತಮಾಷೆ ಗೊತ್ತೇ? 1908ರಲ್ಲಿ ಹೆನ್ರಿ ಫೋರ್ಡ್ ಹೊರತಂದ ಮಾಡೆಲ್ ಟಿ ಕಾರುಗಳಲ್ಲಿ, ಮೊದಮೊದಲಿನ ಕೆಲವನ್ನು ಬಿಟ್ಟರೆ, ವಾಟರ್ ಪಂಪೇ ಇರಲಿಲ್ಲ. ಬಿಸಿಯಾದ ನೀರು ಮೇಲೇರುತ್ತದೆ, ತಣ್ಣಗಾದದ್ದು ಕೆಳಗಿಳಿಯುತ್ತದೆ, ಅಷ್ಟರಲ್ಲೇ ಇಂಜಿನ್ ತಣ್ಣಗಿರುತ್ತಿತ್ತು. ಇಂದಿನ ಇಂಜಿನ್ನುಗಳಿಗೆ ಅದು ಸಾಲದು. ಅದಕ್ಕೇ ಈ ಪಂಪ್. ಊರಿನಲ್ಲಿ ಹೊಲದ ಪಂಪ್‌ಸೆಟ್ ನೋಡಿ ಬೆಳೆದವರಿಗೆ ಇದೇನೂ ಹೊಸತಲ್ಲ. ಅದೇ ಸೆಂಟ್ರಿಫ್ಯೂಗಲ್ ಪಂಪ್, ಗಾತ್ರ ಮಾತ್ರ ಅಂಗೈಯಷ್ಟು. ಬೆಲ್ಟು ರಾಟೆಯನ್ನು ತಿರುಗಿಸುತ್ತದೆ, ಒಳಗಿನ ಇಂಪೆಲ್ಲರ್ ಕೂಲಂಟನ್ನು ತಳ್ಳುತ್ತದೆ, ನಡುವೆ ಒಂದು ಬೇರಿಂಗ್, ಒಂದು ಸೀಲ್. ಸಾಮಾನ್ಯವಾಗಿ ಮೊದಲು ಸೋಲುವುದು ಆ ಸೀಲ್. ಸೋರಿದ ಕೂಲಂಟ್ ಬೇರಿಂಗಿಗೆ ನುಗ್ಗದೆ ಹೊರಗೆ ಹೋಗಲೆಂದೇ ಪಂಪಿನ ಮೈಯಲ್ಲಿ ಒಂದು ಸಣ್ಣ ತೂತು ಇಟ್ಟಿರುತ್ತಾರೆ. ರೋಗ ತಾನಾಗಿ ಬಾಯಿಬಿಡುವ ಜಾಗ ಅದು!

ನಮ್ಮ ಮನೆಯದು ಹನ್ನೊಂದು ವರ್ಷ ಹಳೆಯ, ನಾಲ್ಕು ಸಿಲಿಂಡರಿನ ಸೆಡಾನ್. ಕಳೆದ ಅಕ್ಟೋಬರಿನಲ್ಲಿ ಕೂಲಂಟ್ ಡಬ್ಬಿಯ ಮಟ್ಟ ವಾರವಾರಕ್ಕೂ ಇಳಿಯತೊಡಗಿತು. ಒಂದು ಗ್ಯಾರೇಜಿನವರು ಐದೇ ನಿಮಿಷ ನೋಡಿ ಚೀಟಿ ಬರೆದುಕೊಟ್ಟರು: ಪಂಪ್, ರೇಡಿಯೇಟರ್, ಥರ್ಮೋಸ್ಟಾಟ್, ಮೇಲೆ ಒಂದು ಫ್ಲಶ್. ಒಟ್ಟು 1,150 ಡಾಲರ್. ಇದರಲ್ಲಿ ನಿಜವಾಗಿ ಕೆಟ್ಟದ್ದು ಯಾವುದು ಅಂತ ಕೇಳಿದ್ದಕ್ಕೆ, "ಎಲ್ಲಾ ಒಟ್ಟಿಗೆ ಮಾಡಿಸಿಬಿಡುವುದು ಒಳ್ಳೆಯದು" ಎಂಬ ಉತ್ತರ ಬಂತು. ಸಾಫ್ಟ್‌ವೇರಿನಲ್ಲಿ ಯಾರಾದರೂ ಹೀಗೆ, ಬಗ್ ಎಲ್ಲಿದೆ ಅಂತ ನೋಡದೆ ನಾಲ್ಕು ಮಾಡ್ಯೂಲ್ ಹೊಸದಾಗಿ ಬರೆಯೋಣ ಅಂದರೆ ಒಪ್ಪುತ್ತೇವೆಯೇ? ಚೀಟಿಯನ್ನು ಜೇಬಿಗೆ ಹಾಕಿಕೊಂಡು ಮನೆಗೆ ಬಂದೆ.

ಈಗ ಪರೀಕ್ಷೆಯ ವಿಷಯ. ಮೊದಲ ನಿಯಮ ನಿಮ್ಮ ಅಡುಗೆಮನೆಯಲ್ಲೇ ಇದೆ. ಪ್ರೆಶರ್ ಕುಕ್ಕರಿನಲ್ಲೂ ಕಾರಿನ ರೇಡಿಯೇಟರಿನಲ್ಲೂ ಒತ್ತಡ ಹೆಚ್ಚುಕಮ್ಮಿ ಒಂದೇ, ಸುಮಾರು 15 ಪಿ.ಎಸ್.ಐ. ಆ ಒತ್ತಡದಲ್ಲಿ ನೀರು ಕುದಿಯುವುದು 100 ಡಿಗ್ರಿಗಲ್ಲ, ಸುಮಾರು 120 ಡಿಗ್ರಿ ಸೆಲ್ಸಿಯಸ್ಸಿಗೆ. ಕೂಗಿದ ಕುಕ್ಕರನ್ನು ಆರುವ ಮುಂಚೆ ಯಾರೂ ತೆರೆಯುವುದಿಲ್ಲ ತಾನೆ? ಬಿಸಿ ಇಂಜಿನ್ನಿನ ಮುಚ್ಚಳವನ್ನೂ ತೆರೆಯಬಾರದು. ರಾತ್ರಿಯಿಡೀ ಆರಲು ಬಿಡಿ.

ಬೆಳಿಗ್ಗೆ ಟಾರ್ಚ್ ಹಿಡಿದು ನೋಡಿ. ಪಂಪಿನ ಆ ಸಣ್ಣ ತೂತಿನ ಕೆಳಗೆ ಗುಲಾಬಿಯೋ ಹಸಿರೋ ಬಿಳಿಯೋ ಬಣ್ಣದ, ಒಣಗಿದ ಉಪ್ಪಿನಂಥ ಗೆರೆ ಇದೆಯೇ? ಬರೀ ಸಣ್ಣ ಕಲೆಯಾದರೆ ಗಾಬರಿ ಬೇಡ, ಕೆಲವು ಪಂಪುಗಳಲ್ಲಿ ಅದು ಸಹಜ. ಒರೆಸಿಟ್ಟು ವಾರ ಬಿಟ್ಟು ಮತ್ತೆ ನೋಡಿ. ಮತ್ತೆ ಒದ್ದೆಯಾಗಿದ್ದರೆ, ಗೆರೆ ಬೆಳೆದಿದ್ದರೆ, ಸೀಲ್ ಹೋಗಿದೆ ಎಂದೇ ಅರ್ಥ. ಬೆಲ್ಟು ತೆಗೆದು ರಾಟೆಯನ್ನು ಕೈಯಲ್ಲಿ ತಿರುಗಿಸಿ. ಮರಳು ಸಿಕ್ಕಿದಂತೆ ಗರಗರ ಎಂದರೆ, ಹಿಡಿದು ಅಲುಗಿಸಿದಾಗ ಆಡಿದರೆ ಬೇರಿಂಗೂ ಮುಗಿದಿದೆ.

ಇನ್ನೂ ಅನುಮಾನವಿದ್ದರೆ ಪ್ರೆಶರ್ ಟೆಸ್ಟರ್ ತನ್ನಿ. ಕೊಳ್ಳಬೇಕಾಗಿಲ್ಲ. ಆಟೋಜೋನ್, ಒ'ರೈಲಿಯಂಥ ಬಿಡಿಭಾಗದ ಅಂಗಡಿಗಳು ಡಿಪಾಸಿಟ್ ಇಟ್ಟುಕೊಂಡು ಎರವಲು ಕೊಡುತ್ತವೆ, ವಾಪಸು ಕೊಟ್ಟಾಗ ಹಣವೂ ವಾಪಸು. ತಣ್ಣಗಿರುವ ಇಂಜಿನ್ನಿಗೆ ಸಿಕ್ಕಿಸಿ, ಮುಚ್ಚಳದ ಮೇಲೆ ಬರೆದಿರುವಷ್ಟೇ ಒತ್ತಡ ಕೊಟ್ಟು, ಹದಿನೈದು ನಿಮಿಷ ಸುಮ್ಮನೆ ಕಾಯಿರಿ. ಮುಳ್ಳು ಇಳಿದರೆ ಎಲ್ಲೋ ಸೋರುತ್ತಿದೆ. ಎಲ್ಲಿ ಅಂತ ಕಣ್ಣಿಗೇ ಕಾಣುತ್ತದೆ. ನಮ್ಮ ಕಾರಿನಲ್ಲಿ ರೇಡಿಯೇಟರ್ ಒಣಗಿಯೇ ಇತ್ತು, ಪೈಪುಗಳೂ ಒಣಗಿದ್ದವು. ತೊಟ್ಟಿಕ್ಕಿದ್ದು ಪಂಪಿನ ತೂತೊಂದೇ!

ಸೋರಿಕೆಯೇ ಇಲ್ಲದೆ ಇಂಜಿನ್ ಬಿಸಿಯಾಗುತ್ತಿದ್ದರೆ ಬೇರೆ ಕಡೆ ಹುಡುಕಬೇಕು. ಸಿಗ್ನಲ್ಲಿನಲ್ಲಿ ನಿಂತಾಗ ಮಾತ್ರ ಬಿಸಿಯಾಗಿ ಹೈವೇಯಲ್ಲಿ ಸರಿಹೋದರೆ ಮೊದಲು ಫ್ಯಾನ್ ಮೇಲೆ ಅನುಮಾನಪಡಿ. ಇಂಜಿನ್ ಬಿಸಿ, ಆದರೆ ಹೀಟರಿನಿಂದ ತಣ್ಣನೆ ಗಾಳಿ ಬರುತ್ತಿದ್ದರೆ ಕೂಲಂಟ್ ಕಡಿಮೆಯಾಗಿದೆ ಅಥವಾ ಓಡಾಡುತ್ತಿಲ್ಲ. ಬಿಳಿ ಹೊಗೆ, ಹಾಲು ಬೆರೆಸಿದಂತಾದ ಆಯಿಲ್ ಕಂಡರೆ ಅದು ಹೆಡ್ ಗ್ಯಾಸ್ಕೆಟ್, ದೊಡ್ಡ ಕಾಯಿಲೆ. ಸೋರುವ ಪಂಪನ್ನು "ಟಾಪ್ ಅಪ್ ಮಾಡಿದರಾಯ್ತು" ಎಂದು ತಿಂಗಳುಗಟ್ಟಲೆ ಎಳೆದರೆ ತಲುಪುವುದೂ ಕೊನೆಗೆ ಅಲ್ಲಿಗೇ. ಜನವರಿಯ ಹಿಮದಲ್ಲಿ ಮಕ್ಕಳನ್ನು ಕೂರಿಸಿಕೊಂಡು ಹೋಗುವಾಗ ಇಂಟರ್‌ಸ್ಟೇಟ್ ಪಕ್ಕ ಕಾರು ನಿಂತರೆ ಅದು ಬರೀ ದುಡ್ಡಿನ ಪ್ರಶ್ನೆಯೂ ಅಲ್ಲ.

ರೋಗ ಗೊತ್ತಾಯಿತು. ಚಿಕಿತ್ಸೆ ನಮ್ಮ ಕೈಲಾಗುತ್ತದೆಯೇ? ಅದು ಇಂಜಿನ್ ಮೇಲೆ ನಿಂತಿದೆ. ಪಂಪ್ ಹೊರಗಡೆ ಇದ್ದು ಹೊರಗಿನ ಬೆಲ್ಟಿನಿಂದಲೇ ತಿರುಗುವಂತಿದ್ದರೆ ಒಂದು ಶನಿವಾರದ ಕೆಲಸ. ಟೈಮಿಂಗ್ ಬೆಲ್ಟಿನ ಹಿಂದೆ ಇದ್ದರೆ ಅನುಭವ ಇಲ್ಲದವರು ಕೈಹಾಕದಿರುವುದು ಮೇಲು, ಒಂದು ಹಲ್ಲು ತಪ್ಪಿದರೂ ಕೆಲವು ಇಂಜಿನ್ನುಗಳಲ್ಲಿ ವಾಲ್ವುಗಳು ಬಾಗುತ್ತವೆ. ಫೋರ್ಡಿನ 3.5 ಲೀಟರ್ ವಿ6 ಇಂಜಿನ್ನನ್ನು ಅಡ್ಡವಾಗಿ ಕೂರಿಸಿದ ಹಲವು ಕಾರುಗಳಲ್ಲಿ ಪಂಪ್ ಇಂಜಿನ್ನಿನ ಒಳಗೇ ಇದ್ದು ಟೈಮಿಂಗ್ ಚೈನಿನಿಂದ ತಿರುಗುತ್ತದೆ. ಅದನ್ನು ಖಂಡಿತ ಗ್ಯಾರೇಜಿಗೇ ಬಿಡಿ. 2010ರ ಮಾಡೆಲ್ಲಿನ ಪ್ರಿಯಸ್‌ನಲ್ಲಿ ಬೆಲ್ಟೇ ಇಲ್ಲ, ಪಂಪ್ ಕರೆಂಟಿನಿಂದ ಓಡುತ್ತದೆ. ನಿಮ್ಮದು ಯಾವ ಜಾತಿ ಎಂದು ತಿಳಿಯಲು ರಿಪೇರಿ ಕೈಪಿಡಿ ಬೇಕು. ಇಲ್ಲಿನ ಅನೇಕ ಸಾರ್ವಜನಿಕ ಗ್ರಂಥಾಲಯಗಳ ಕಾರ್ಡ್ ಇದ್ದರೆ ಚಿಲ್ಟನ್ ಕೈಪಿಡಿಗಳು ಬಿಟ್ಟಿಯಾಗಿ ಸಿಗುತ್ತವೆ.

ಕೆಲಸದ ವಿವರ ಕೈಪಿಡಿಯಲ್ಲಿರುತ್ತದೆ, ಎಲ್ಲವನ್ನೂ ಇಲ್ಲಿ ಬರೆಯುವುದಿಲ್ಲ. ಕೈಪಿಡಿಯಲ್ಲಿ ಒಂದೇ ಸಾಲಿನಲ್ಲಿ ಮುಗಿದುಹೋಗುವ ನಾಲ್ಕು ಮಾತು ಮಾತ್ರ ಹೇಳುತ್ತೇನೆ. ಜ್ಯಾಕ್ ಇರುವುದು ಎತ್ತುವುದಕ್ಕೆ, ಹೊತ್ತು ನಿಲ್ಲುವುದಕ್ಕಲ್ಲ. ಸ್ಟ್ಯಾಂಡ್ ಇಡದೆ ಕಾರಿನ ಕೆಳಗೆ ಬೆರಳನ್ನೂ ಚಾಚಬೇಡಿ. ಬೆಲ್ಟು ಬಿಚ್ಚುವ ಮುಂಚೆ ಅದು ಯಾವ ರಾಟೆಯ ಮೇಲೆ ಹೇಗೆ ಸುತ್ತಿದೆ ಎಂದು ಫೋಟೋ ತೆಗೆಯಿರಿ. ಹಳೆಯ ಗ್ಯಾಸ್ಕೆಟ್ಟನ್ನು ಪ್ಲಾಸ್ಟಿಕ್ಕಿನಿಂದ ಕೆರೆಯಿರಿ, ಅಲ್ಯೂಮಿನಿಯಂ ಮೇಲೆ ಗೀರು ಬಿದ್ದರೆ ಹೊಸ ಪಂಪೂ ಸೋರುತ್ತದೆ. ಬೋಲ್ಟುಗಳನ್ನು ಮೊದಲು ಬೆರಳಿನಿಂದ ಹತ್ತಿಸಿ, ಆಮೇಲೆ ಎದುರುಬದುರಾಗಿ, ಕೈಪಿಡಿ ಹೇಳಿದಷ್ಟೇ ಟಾರ್ಕ್ ರೆಂಚಿನಲ್ಲಿ ಬಿಗಿ ಮಾಡಿ.

ಕೂಲಂಟ್ ತುಂಬುವಾಗ ಮತ್ತೆ ಹೊಲದ ಪಂಪ್‌ಸೆಟ್ ನೆನಪಿಸಿಕೊಳ್ಳಿ. ನೀರು ಹೊಯ್ದು ಗಾಳಿ ತೆಗೆಯದೆ ಅದು ನೀರೆತ್ತುತ್ತಿತ್ತೇ? ಇಲ್ಲೂ ಅಷ್ಟೇ. ಹೀಟರನ್ನು ಪೂರ್ತಿ ಬಿಸಿಗಿಟ್ಟು, ಗಾಳಿಗುಳ್ಳೆಗಳು ನಿಲ್ಲುವವರೆಗೂ ತಾಳ್ಮೆಯಿಂದ ತುಂಬಬೇಕು. ಅರ್ಧ ಕೂಲಂಟ್, ಅರ್ಧ ಡಿಸ್ಟಿಲ್ಡ್ ವಾಟರ್. ಈ ಮಿಶ್ರಣ ಸುಮಾರು ಮೈನಸ್ 37 ಡಿಗ್ರಿವರೆಗೆ ಹೆಪ್ಪುಗಟ್ಟುವುದಿಲ್ಲ, ನಮ್ಮ ಮಿಶಿಗನ್ ಚಳಿಗೆ ಸಾಕು. ಹಳೆಯ ಕೂಲಂಟನ್ನು ಮಾತ್ರ ದಯವಿಟ್ಟು ಚರಂಡಿಗೆ ಚೆಲ್ಲಬೇಡಿ. ಅದರಲ್ಲಿರುವ ಎಥಿಲೀನ್ ಗ್ಲೈಕಾಲ್ ರುಚಿಗೆ ಸಿಹಿ, ಹೊಟ್ಟೆಗೆ ವಿಷ. ನಾಯಿ, ಬೆಕ್ಕು, ಮಕ್ಕಳಿಗೆ ಎಟುಕದಂತೆ ಮುಚ್ಚಿಟ್ಟು, ಕೌಂಟಿಯವರು ಅಪಾಯಕಾರಿ ಕಸ ತೆಗೆದುಕೊಳ್ಳುವ ದಿನ ಕೊಟ್ಟುಬನ್ನಿ.

ನನಗೆ ಆರು ಗಂಟೆ ಹಿಡಿಯಿತು. ಪಂಪ್, ಗ್ಯಾಸ್ಕೆಟ್, ಬೆಲ್ಟು, ಕೂಲಂಟ್ ಎಲ್ಲಾ ಸೇರಿ 168 ಡಾಲರ್. ಚಳಿಗಾಲವಿಡೀ ಮಟ್ಟ ಒಂದು ಗೆರೆಯೂ ಇಳಿಯಲಿಲ್ಲ.

"ಅಯ್ಯೋ, ಯಾಕಪ್ಪಾ ಈ ತಲೆನೋವು? ನಿನ್ನ ಒಂದು ಗಂಟೆಯ ಬೆಲೆ ಏನು ಲೆಕ್ಕ ಹಾಕು" ಎನ್ನುವ ಸ್ನೇಹಿತರಿದ್ದಾರೆ. ಲೆಕ್ಕ ಹಾಕಿದ್ದೇನೆ. ಶನಿವಾರದ ನನ್ನ ಗಂಟೆಗಳಿಗೆ ಯಾವ ಕಂಪನಿಯೂ ಸಂಬಳ ಕೊಡುವುದಿಲ್ಲ! ಆದರೆ ನಮ್ಮವರ ಹಿಂಜರಿಕೆಗೆ ನಿಜವಾದ ಕಾರಣ ಸಮಯವಲ್ಲ, ಬೇರೆಯೇ ಇದೆ ಅಂತ ನನಗನ್ನಿಸುತ್ತದೆ. ಕೈ ಕೊಳೆ ಮಾಡಿಕೊಳ್ಳುವ ಕೆಲಸ ಓದಿದವರದ್ದಲ್ಲ ಎಂದು ನಮಗೆ ಚಿಕ್ಕಂದಿನಿಂದ ಕಲಿಸಿದ್ದಾರೆ. ಊರಿನಿಂದ ಬಂದ ಹಿರಿಯರು ಮಗ ಕಾರಿನ ಕೆಳಗೆ ಮಲಗಿರುವುದನ್ನು ಕಂಡರೆ, "ಇದಕ್ಕೇನೋ ನಿನ್ನನ್ನು ಓದಿಸಿದ್ದು?" ಅನ್ನುತ್ತಾರೆ. ಇದಕ್ಕೇ ಅಲ್ಲವೇ ಓದಿಸಿದ್ದು? ವಿ.ಟಿ.ಯು.ನಲ್ಲಿ ಮೊದಲ ವರ್ಷ ಯಾವ ಬ್ರಾಂಚಿನವರೇ ಆಗಲಿ ವರ್ಕ್‌ಶಾಪಿನಲ್ಲಿ ಕಬ್ಬಿಣದ ತುಂಡನ್ನು ಅರದಿಂದ ಉಜ್ಜಿ ಉಜ್ಜಿ ಕೈ ಬೊಬ್ಬೆ ಬರಿಸಿಕೊಂಡೆವು. ಆ ಪಾಠ ಪರೀಕ್ಷೆಯ ಮಾರ್ಕ್ಸಿಗೆ ಮಾತ್ರವೇ? ಪ್ರತಿವರ್ಷ ಸೆಪ್ಟೆಂಬರ್ 15ರಂದು ಸರ್ ಎಂ. ವಿಶ್ವೇಶ್ವರಯ್ಯನವರ ಫೋಟೋ ಒಬ್ಬರಿಗೊಬ್ಬರು ಕಳಿಸಿಕೊಂಡು ಇಂಜಿನಿಯರುಗಳ ದಿನದ ಶುಭಾಶಯ ಹೇಳುತ್ತೇವೆ. ಬಸವ ಜಯಂತಿಯಂದು ವೇದಿಕೆಯ ಮೇಲೆ ಕಾಯಕದ ಬಗ್ಗೆ ಭಾಷಣ ಮಾಡುತ್ತೇವೆ. ಮನೆಯಲ್ಲಿ ಮಕ್ಕಳು ನೋಡುವುದು ಮಾತ್ರ, ಏನು ಕೆಟ್ಟರೂ ಫೋನ್ ಎತ್ತುವ ಅಪ್ಪ-ಅಮ್ಮನನ್ನು.

ತಾನು ಮಾಡಿದ್ದು ಉತ್ತಮ, ಮಗ ಮಾಡಿದ್ದು ಮಧ್ಯಮ, ಆಳು ಮಾಡಿದ್ದು ಹಾಳು ಅಂತ ನಮ್ಮಲ್ಲೊಂದು ಗಾದೆಯಿದೆ. ಅದರ ಕೊನೆಯ ಮಾತನ್ನು ನಾನು ಒಪ್ಪುವುದಿಲ್ಲ. ಒಮ್ಮೆ ಸ್ವತಃ ಬೋಲ್ಟು ಬಿಚ್ಚಿದವರಿಗೆ ಮೆಕ್ಯಾನಿಕ್ಕಿನ ಕೆಲಸದ ಬೆಲೆ ಗೊತ್ತಾಗುತ್ತದೆ. ಬೆಂಗಳೂರಿನ ಜೆ.ಸಿ. ರಸ್ತೆಯ ಗಲ್ಲಿಗಳಲ್ಲಿ ಶಬ್ದ ಕೇಳಿಯೇ ಕಾಯಿಲೆ ಹೇಳುವ ಕುಶಲಿಗಳಿಗೆ ನಾವು ಎಷ್ಟು ಚೌಕಾಸಿ ಮಾಡಿದ್ದೆವು ಎಂಬುದೂ ನೆನಪಾಗುತ್ತದೆ. ರೋಗ ಏನೆಂದು ತಿಳಿದು ಹೋದವರು ಒಳ್ಳೆಯ ಮೆಕ್ಯಾನಿಕ್ಕನ್ನು ಗುರುತಿಸಿ, ಅವರಿಗೆ ನ್ಯಾಯವಾದ ಹಣವನ್ನು ಸಂತೋಷದಿಂದ ಕೊಡುತ್ತಾರೆ. ಮೋಸ ಹೋಗುವುದೂ ಇಲ್ಲ, ಸುಮ್ಮನೆ ಸಂಶಯ ಪಡುವುದೂ ಇಲ್ಲ.

ಕಾನೂನೂ ನಮ್ಮ ಪರವಾಗಿದೆ. ಮಿಶಿಗನ್ನಿನ 1974ರ ಕಾಯಿದೆಯ ಪ್ರಕಾರ ಗ್ಯಾರೇಜುಗಳು ರಾಜ್ಯದಲ್ಲಿ ನೋಂದಾಯಿಸಿಕೊಂಡಿರಬೇಕು, ದೊಡ್ಡ ಕೆಲಸಕ್ಕೆ ಅಂದಾಜು ವೆಚ್ಚವನ್ನು ಬರೆದುಕೊಡಬೇಕು, ಬಿಚ್ಚಿದ ಹಳೆಯ ಭಾಗವನ್ನು ಕೇಳಿದರೆ ಹಿಂದಿರುಗಿಸಬೇಕು. ಕೇಳಿ ಪಡೆಯಿರಿ. ಇನ್ನು ವಾರಂಟಿ ಇರುವ ಕಾರಿನವರಿಗೆ ಒಂದು ಭಯ: ನಾವು ಮುಟ್ಟಿದರೆ ವಾರಂಟಿ ಹೋಗುತ್ತದಂತೆ! 1975ರ ಮ್ಯಾಗ್ನುಸನ್-ಮಾಸ್ ಕಾಯಿದೆಯ ಪ್ರಕಾರ, ಸರ್ವೀಸನ್ನು ಹೊರಗೆ ಮಾಡಿಸಿದಿರಿ ಅಥವಾ ನೀವೇ ಮಾಡಿದಿರಿ ಎಂಬ ಒಂದೇ ಕಾರಣಕ್ಕೆ ಕಂಪನಿ ವಾರಂಟಿಯನ್ನು ನಿರಾಕರಿಸುವಂತಿಲ್ಲ. ಆದರೆ ವಾರಂಟಿಯಲ್ಲೇ ಬಿಟ್ಟಿಯಾಗಿ ಆಗುವ ರಿಪೇರಿಯನ್ನು ನೀವೇಕೆ ಮಾಡುತ್ತೀರಿ? ಕೊಟ್ಟುಬಿಡಿ. ಪತ್ತೆ ಮಾಡುವುದನ್ನು ಮಾತ್ರ ಬಿಡಬೇಡಿ.

ಕೊನೆಗೆ ನಮ್ಮ ಸಂಘಕ್ಕೊಂದು ಸಲಹೆ. ಯುಗಾದಿ ಊಟಕ್ಕೆ ದೊಡ್ಡ ಪಾತ್ರೆಗಳು ಮನೆಯಿಂದ ಮನೆಗೆ ಓಡಾಡುತ್ತವೆ, ನಾಟಕದ ಪರದೆ ಒಬ್ಬರ ಬೇಸ್‌ಮೆಂಟಿನಲ್ಲಿ ಭದ್ರವಾಗಿರುತ್ತದೆ. ಹಾಗೆಯೇ ಒಂದು ಟಾರ್ಕ್ ರೆಂಚ್, ಒಂದು ಜೊತೆ ಸ್ಟ್ಯಾಂಡ್, ಒಂದು ಪ್ರೆಶರ್ ಟೆಸ್ಟರ್ ಸಂಘದ ಸ್ವತ್ತಾಗಿ ಇರಬಾರದೇಕೆ? ಅಪಾರ್ಟ್‌ಮೆಂಟುಗಳಲ್ಲಿ ಕಾರು ಬಿಚ್ಚಲು ಬಿಡುವುದಿಲ್ಲ, ಹೊಸದಾಗಿ ಬಂದ ಕುಟುಂಬಗಳ ಬಳಿ ಇರುವುದೇ ಹಳೆಯ ಕಾರು. ಡ್ರೈವ್‌ವೇ ಇರುವವರು ತಿಂಗಳಿಗೊಂದು ಶನಿವಾರ ಬಾಗಿಲು ತೆರೆದರೆ ಅವರಿಗೆ ಎಷ್ಟು ಉಪಕಾರ! ಕಾಫಿ, ಉಪ್ಪಿಟ್ಟು, ಜೊತೆಗೊಂದು ಬಾನೆಟ್. ಮಕ್ಕಳಿಗೆ ಟಾರ್ಚ್ ಹಿಡಿಯುವ ಕೆಲಸ ಕೊಡೋಣ. ರಾಟೆ, ಮೊಳೆ, ಸೋರಿಕೆ, ಬಿಗಿ, ಸಡಿಲ ಎಂಬ ಪದಗಳು ಕನ್ನಡ ತರಗತಿಯ ಪುಸ್ತಕಕ್ಕಿಂತ ಬೇಗ ಅಲ್ಲಿ ನಾಲಿಗೆಗೆ ಹತ್ತುತ್ತವೆ.

ಮುಂದಿನ ತಿಂಗಳ ಮೊದಲ ಶನಿವಾರಕ್ಕೆ ನಮ್ಮ ಮನೆಯ ಡ್ರೈವ್‌ವೇ ಸಿದ್ಧವಿದೆ. ಬರುವವರು ಸಂಪಾದಕರಿಗೆ ಒಂದು ಸಾಲು ಬರೆದು ತಿಳಿಸಿ. ಹಳೆಯ ಬಟ್ಟೆ ಹಾಕಿಕೊಂಡು ಬನ್ನಿ!